ಅಟ್ಟದ ಇನ್ಸುಲೇಷನ್: ಪಾಲಿಥೀನ್ ಹಾಳೆಯೋ, ಸ್ಮಾರ್ಟ್ ಮೆಂಬ್ರೇನೋ?

ಕೆನಡಾದಲ್ಲಿ ಮನೆ ಕೊಂಡು, ಅಟ್ಟವನ್ನು ಕೋಣೆ ಮಾಡಿಕೊಳ್ಳಲು ಹೊರಟವರಿಗೆ ಈ ಪ್ರಶ್ನೆ ಬಂದೇ ಬರುತ್ತದೆ. ಇಳಿಜಾರು ಮಾಡಿನ ಪಕಾಸಿಗಳ ನಡುವೆ ಗ್ಲಾಸ್‌ವುಲ್ ತುಂಬಿದ ಮೇಲೆ, ಮನೆಯೊಳಗಿನ ಆವಿ ತಡೆಯಲು ಯಾವ ಹಾಳೆ ಹೊಡೆಯಬೇಕು?

ಚಳಿಗಾಲದಲ್ಲಿ ಅಡುಗೆ, ಸ್ನಾನದ ಆವಿ ಮೇಲಕ್ಕೇರುತ್ತದೆ. ತಣ್ಣಗಿನ ಮಾಡಿನ ಹಲಗೆಗೆ ತಾಗಿ ಮಂಜುಗಟ್ಟುತ್ತದೆ. ಚಳಿ ಇಳಿದಾಗ ಅದು ಕರಗಿ ತೊಟ್ಟಿಕ್ಕುತ್ತದೆ. ಮಾಡೇ ಸೋರುತ್ತಿದೆ ಅಂತ ಅನ್ನಿಸುವುದು ಸಹಜ, ಅಲ್ವಾ? ಅದಕ್ಕೇ ಅಲ್ಲಿ ಹಾಳೆ ಬೆಚ್ಚಗಿನ ಒಳಬದಿಗೇ ಬರಬೇಕು.

6 ಮಿಲ್, ಅಂದರೆ ಸುಮಾರು 0.15 ಮಿ.ಮೀ. ದಪ್ಪದ ಪಾಲಿಥೀನ್ ಅಗ್ಗ, ಸುಲಭವಾಗಿ ಸಿಗುತ್ತದೆ. ಆವಿಯನ್ನು ಹೆಚ್ಚುಕಡಿಮೆ ಪೂರ್ತಿ ತಡೆಯುತ್ತದೆ. ತೊಂದರೆಯೂ ಅದೇ. ಹೇಗೋ ಒಳಸೇರಿದ ತೇವ ಕೋಣೆಯ ಕಡೆಗೆ ಆರುವುದಿಲ್ಲ. ಬೇಸಿಗೆಯ ಬಿಸಿಲು ಆ ತೇವವನ್ನು ಒಳಕ್ಕೆ ತಳ್ಳುತ್ತದೆ. ಏಸಿ ಹಾಕಿದ್ದರೆ ಹಾಳೆಯ ಬೆನ್ನಿಗೇ ನೀರು ಕೂರಬಹುದು.

ಸ್ಮಾರ್ಟ್ ಮೆಂಬ್ರೇನ್ ಗಾಳಿಯ ತೇವ ನೋಡಿಕೊಂಡು ಬದಲಾಗುತ್ತದೆ. ನೈಲಾನ್ ಬಗೆಯದು ಒಣಗಿದ್ದಾಗ 1 ಪರ್ಮ್‌ಗಿಂತ (ಹಾಳೆ ಎಷ್ಟು ಆವಿ ಬಿಡುತ್ತದೆ ಅನ್ನುವ ಅಳತೆ) ಕಡಿಮೆ ಆವಿ ಬಿಡುತ್ತದೆ, ತೇವ ಜಾಸ್ತಿಯಾದಾಗ 10ಕ್ಕೂ ಹೆಚ್ಚು. ಬೆಲೆ ಮಾತ್ರ ಜಾಸ್ತಿ.

ಹಲಗೆಯ ಕೆಳಗೆ ಗಾಳಿ ಚೆನ್ನಾಗಿ ಆಡುತ್ತಿದ್ದು, ಏಸಿ ಬಳಕೆ ಕಡಿಮೆಯಿದ್ದರೆ ಪಾಲಿಥೀನ್ ಸಾಕು. ಬೇಸಿಗೆಯಲ್ಲಿ ಏಸಿ ಓಡುವ ಮನೆಗೆ ನನ್ನ ಆಯ್ಕೆ ಮೆಂಬ್ರೇನ್. ನಿಮ್ಮೂರಿನ ಬಿಲ್ಡಿಂಗ್ ಇನ್‌ಸ್ಪೆಕ್ಟರ್ ಒಪ್ಪುತ್ತಾರಾ ಅಂತ ಕೊಳ್ಳುವ ಮೊದಲೇ ಕೇಳಿ.

ಯಾವುದೇ ಹಾಕಿ, ಜೋಡಣೆಗೆ ಟೇಪ್ ಬಿಗಿಯಾಗಿ ಒತ್ತಿ. ಲೈಟಿನ ವೈರ್ ಬರುವ ತೂತನ್ನೂ ಮುಚ್ಚಿ. ಹಾಳೆಯ ಮೂಲಕ ದಾಟುವ ಆವಿಗಿಂತ ಇಂಥ ಸಂದುಗಳಲ್ಲಿ ಗಾಳಿಯ ಜತೆ ನುಗ್ಗುವುದೇ ಎಷ್ಟೋ ಹೆಚ್ಚು.