ಸ್ವಿಚ್ 2ಕ್ಕೆ ಡೇಟಾ ಸಾಗಿಸುವ ಸೌಲಭ್ಯ: ಸೇವ್ ದಾಟುತ್ತದೆ, ಎಡವುವುದು ಬೇರೆ ಕಡೆ

ಹಳೆಯ ನಿಂಟೆಂಡೊ ಸ್ವಿಚ್ ಎಂಬ ಗೇಮ್ ಕನ್ಸೋಲ್‌ನಲ್ಲಿರುವ ಬಳಕೆದಾರರು, ಸೇವ್ (ಆಟ ಎಲ್ಲಿಯ ತನಕ ಬಂದಿದೆ ಎಂಬ ದಾಖಲೆ), ಸೆಟ್ಟಿಂಗ್ಸ್ ಎಲ್ಲವನ್ನೂ ಒಟ್ಟಿಗೆ ಸ್ವಿಚ್ 2ಕ್ಕೆ ಸಾಗಿಸಲು ಕಂಪನಿ ಕೊಟ್ಟಿರುವ ಸೌಲಭ್ಯಕ್ಕೆ ಸಿಸ್ಟಮ್ ಟ್ರಾನ್ಸ್‌ಫರ್ ಎಂದು ಹೆಸರು. ಹೊಸ ಕನ್ಸೋಲ್ ಬಂದದ್ದು 2025ರ ಜೂನ್ 5ರಂದು. ಅದಕ್ಕೂ ಒಂದು ತಿಂಗಳ ಮೊದಲೇ 20.0.0 ಅಪ್‌ಡೇಟ್ ಹಳೆಯ ಸ್ವಿಚ್‌ನ ಮೆನುವಿನಲ್ಲಿ ಇದಕ್ಕೆ ಜಾಗ ಮಾಡಿಟ್ಟಿತ್ತು. ಐದಕ್ಕೆ ಮೂರೂವರೆ ಅಂಕ ಕೊಡಬಹುದು. ಸಾಗಿಸುವ ಕೆಲಸವನ್ನು ಅದು ಅಚ್ಚುಕಟ್ಟಾಗಿಯೇ ಮಾಡುತ್ತದೆ. ಅಂಕ ಕಳೆದುಕೊಳ್ಳುವುದು ಆಮೇಲೆ ಪರದೆಯ ಮೇಲೆ ಬರುವ ಸಂದೇಶಗಳಲ್ಲಿ. ಮೆಮೊರಿ ಕಾರ್ಡ್ ಸರಿಯಿಲ್ಲದಿದ್ದರೂ, ಖಾತೆಯ ದೇಶ ಬೇರೆಯಾಗಿದ್ದರೂ, ಗೇಮ್‌ನ ಆವೃತ್ತಿ ಹಳೆಯದಾಗಿದ್ದರೂ ನೋಡುವವರಿಗೆ ಅನ್ನಿಸುವುದು ಒಂದೇ: "ಈ ಗೇಮ್ ಹೊಸದರಲ್ಲಿ ಓಡಲ್ಲ." ನಿಜವಾಗಿಯೂ ಓಡದ ಗೇಮ್‌ಗಳು ಬಹಳ ಕಡಿಮೆ.

ಸಾಗಿಸಲು ದಾರಿ ಎರಡು. ಎರಡೂ ಕನ್ಸೋಲ್ ಕೈಯಲ್ಲಿದ್ದರೆ ಅಕ್ಕಪಕ್ಕ ಇಟ್ಟು ನೇರವಾಗಿ ದಾಟಿಸುವುದು ಒಂದು. ಹಳೆಯದನ್ನು ಮಾರಿ, ಆ ದುಡ್ಡು ಸೇರಿಸಿ ಹೊಸದನ್ನು ಕೊಳ್ಳುವವರಿಗೆ ನಿಂಟೆಂಡೊ ಸರ್ವರ್‌ಗೆ ಏರಿಸಿಟ್ಟು ಆಮೇಲೆ ಇಳಿಸಿಕೊಳ್ಳುವುದು ಇನ್ನೊಂದು. ಎರಡನೆಯದಕ್ಕೆ ಕೈ ಹಾಕುವ ಮುಂಚೆ ಒಂದು ವಿಷಯ ತಿಳಿದಿರಲಿ: ಡೇಟಾ ಸರ್ವರ್‌ಗೆ ಏರಿದ ಮೇಲೆ ಹಳೆಯ ಸ್ವಿಚ್ ಪೂರ್ತಿ ರೀಸೆಟ್ ಆಗಿಬಿಡುತ್ತದೆ, ಏರಿಸಿದ್ದು ಸರ್ವರ್‌ನಲ್ಲಿ ಇರುವುದು ಒಂದು ವರ್ಷ ಮಾತ್ರ. ಹೊಸ ಕನ್ಸೋಲ್ ಯಾವಾಗ ಕೈಗೆ ಬರುತ್ತದೆ ಎಂದು ಖಾತ್ರಿಯಿಲ್ಲದವರು ಈ ದಾರಿ ಹಿಡಿಯುವುದು ಬೇಡ.

ನೇರ ದಾರಿಗೆ ತಯಾರಿ ಸರಳ. ಎರಡನ್ನೂ ಚಾರ್ಜರ್‌ಗೆ ಹಾಕಿ, ಎರಡಕ್ಕೂ ವೈಫೈ ಕೊಡಿ, ಹಳೆಯದರಲ್ಲಿ ಸಿಸ್ಟಮ್ ಅಪ್‌ಡೇಟ್ ಮುಗಿಸಿ, ಹಳೆಯದರ ಬಳಕೆದಾರನಿಗೆ ನಿಂಟೆಂಡೊ ಖಾತೆ ಜೋಡಿಸಿ. ಖಾತೆಯ ಪಾಸ್‌ವರ್ಡ್ ಮರೆತಿದ್ದರೆ ಈಗಲೇ ಸರಿಮಾಡಿಕೊಳ್ಳಿ, ನಡುದಾರಿಯಲ್ಲಿ ಬೇಡ. ಸ್ವಿಚ್ 2ನ್ನು ಆನ್ ಮಾಡಿ ಭಾಷೆ, ವೈಫೈ ಎಲ್ಲ ಕೇಳುವ ಮೊದಲ ಸೆಟಪ್‌ನಲ್ಲೇ ಸಿಸ್ಟಮ್ ಟ್ರಾನ್ಸ್‌ಫರ್ ಆಯ್ಕೆ ಬರುತ್ತದೆ. ಹೆಚ್ಚಿನವರು ತಪ್ಪುವುದು ಅಲ್ಲೇ. ಆತುರಕ್ಕೆ "ಆಮೇಲೆ" ಎಂದು ಒತ್ತಿ ಮುಂದೆ ಹೋದರೆ ಪೂರ್ತಿ ವರ್ಗಾವಣೆಗೆ ಹೊಸ ಕನ್ಸೋಲನ್ನೇ ರೀಸೆಟ್ ಮಾಡಿ ಮೊದಲಿಂದ ಶುರುಮಾಡಬೇಕು. ರೀಸೆಟ್ ಬೇಡ ಎಂದರೆ ಅದೇ ಖಾತೆಯನ್ನು ಹೊಸದರಲ್ಲಿ ಸೇರಿಸಿ, ಸಿಸ್ಟಮ್ ಸೆಟ್ಟಿಂಗ್ಸ್, ಡೇಟಾ ಮ್ಯಾನೇಜ್‌ಮೆಂಟ್, ಟ್ರಾನ್ಸ್‌ಫರ್ ಯುವರ್ ಸೇವ್ ಡೇಟಾ ಎಂಬಲ್ಲಿ ಒಂದೊಂದೇ ಗೇಮ್‌ನ ಸೇವ್ ಕಳಿಸಬಹುದು. ಹೀಗೆ ಬಿಡಿಯಾಗಿ ಕಳಿಸಿದ ಸೇವ್ ನಕಲಾಗುವುದಿಲ್ಲ, ಜಾಗ ಬದಲಿಸುತ್ತದೆ. ಹಳೆಯದರಲ್ಲಿ ಆ ಗೇಮ್ ತೆರೆದರೆ ಹೊಸ ಆಟವೇ ಶುರುವಾಗುತ್ತದೆ. ಸೇವ್ ಕಳೆದುಹೋಯಿತು ಎಂದು ಗಾಬರಿಯಾಗಬೇಕಿಲ್ಲ. ಆನಿಮಲ್ ಕ್ರಾಸಿಂಗ್: ನ್ಯೂ ಹೊರೈಜನ್ಸ್‌ನ ದ್ವೀಪ ಮಾತ್ರ ಈ ಬಿಡಿ ದಾರಿಗೆ ಬಗ್ಗುವುದಿಲ್ಲ. ಅದಕ್ಕೆ ಐಲ್ಯಾಂಡ್ ಟ್ರಾನ್ಸ್‌ಫರ್ ಟೂಲ್ ಎಂಬ ಪುಕ್ಕಟೆ ಸಾಧನ ಬೇರೆಯೇ ಇದೆ.

ಇನ್ನು ಕಾರ್ಡ್. ಹಳೆಯ ಸ್ವಿಚ್‌ನ ಮೈಕ್ರೊ ಎಸ್‌ಡಿ ಕಾರ್ಡ್ ತೆಗೆದು ಹೊಸದರ ಸ್ಟ್ಯಾಂಡ್ ಕೆಳಗಿನ ಸಂದಿಗೆ ತುರುಕಿದರೆ ಅದು ಸಲೀಸಾಗಿ ಕೂರುತ್ತದೆ, ಆದರೆ ಗೇಮ್ ಓಡುವುದಿಲ್ಲ. ಸ್ವಿಚ್ 2 ಗೇಮ್‌ಗಳಿಗೆ ಒಪ್ಪುವುದು ಮೈಕ್ರೊ ಎಸ್‌ಡಿ ಎಕ್ಸ್‌ಪ್ರೆಸ್ ಕಾರ್ಡನ್ನು ಮಾತ್ರ. ಮಾಮೂಲಿ ಕಾರ್ಡ್‌ನಿಂದ ಸ್ಕ್ರೀನ್‌ಶಾಟ್, ವಿಡಿಯೊ ಎಳೆದುಕೊಳ್ಳಲು ಬಿಡುತ್ತದೆ, ಅಷ್ಟೇ. ಹೊರಗಿನ ಅಳತೆ ಒಂದೇ ಆದ್ದರಿಂದ ಗುರುತಿಸುವ ಸುಲಭ ದಾರಿ ಕಾರ್ಡನ್ನು ಬೋರಲು ಹಾಕಿ ನೋಡುವುದು: ಮಾಮೂಲಿ ಕಾರ್ಡ್‌ನಲ್ಲಿ ಚಿನ್ನದ ಬಣ್ಣದ ಸಂಪರ್ಕ ಪಟ್ಟಿಗಳು ಒಂದೇ ಸಾಲು, ಎಕ್ಸ್‌ಪ್ರೆಸ್‌ನಲ್ಲಿ ಅದರ ಕೆಳಗೆ ಇನ್ನೊಂದು ಸಾಲು. ಕಂಪ್ಯೂಟರ್‌ನ ಎಸ್‌ಎಸ್‌ಡಿ ಮಾತಾಡುವ ಪಿಸಿಐಇ ದಾರಿ ಆ ಎರಡನೆಯ ಸಾಲಿನದು. ಮುಂಭಾಗದಲ್ಲಿ ಇಎಕ್ಸ್ ಎಂಬ ಗುರುತೂ ಇರುತ್ತದೆ. "ಎಕ್ಸ್‌ಟ್ರೀಮ್", "ಎ2", "ವಿ30" ಎಂದೆಲ್ಲ ದೊಡ್ಡದಾಗಿ ಬರೆದಿದ್ದಕ್ಕೂ ಇದಕ್ಕೂ ಸಂಬಂಧವಿಲ್ಲ. ಹೆಸರಿನ ಈ ಹೋಲಿಕೆಯಿಂದ ದುಡ್ಡು ಕಳೆದುಕೊಳ್ಳುವವರು ಕಡಿಮೆಯೇನಿಲ್ಲ.

ಹಾಗಂತ ಎಕ್ಸ್‌ಪ್ರೆಸ್ ಕಾರ್ಡ್‌ಗೆ ಆತುರ ಬೇಡ. ಮೊದಲ ಸ್ವಿಚ್‌ನಲ್ಲಿ ಒಳಗೆ ಇದ್ದದ್ದು 32 ಜಿಬಿ, ಓಲೆಡ್ ಮಾದರಿಯಲ್ಲಿ 64. ಸ್ವಿಚ್ 2ರಲ್ಲಿ 256 ಜಿಬಿ ಇದೆ. ಹಳೆಯ ಸ್ವಿಚ್‌ನ ಗೇಮ್‌ಗಳೇ ಹೆಚ್ಚು ಆಡುವವರಿಗೆ ಒಂದಷ್ಟು ತಿಂಗಳು ಇದರಲ್ಲೇ ದೂಡಬಹುದು. ಹೊಸ ತಲೆಮಾರಿನ ಗೇಮ್ ಸೇರಿಸುತ್ತ ಹೋದಾಗ ಜಾಗ ಸಾಲದು: ಸೈಬರ್‌ಪಂಕ್ 2077 ಬಂದದ್ದೇ 64 ಜಿಬಿ ಕಾರ್ಟ್ರಿಡ್ಜ್‌ನಲ್ಲಿ (ಅಂಗಡಿಯಲ್ಲಿ ಸಿಗುವ, ಕನ್ಸೋಲ್‌ಗೆ ಸಿಕ್ಕಿಸುವ ಗೇಮ್ ಕಾರ್ಡ್).

ಮೆಮೊರಿ ಕಾರ್ಡ್ ಹಾಕಿದ ಮೇಲೆ 2005-0003 ಎಂಬ ಎರರ್ ಕೋಡ್ ಕಂಡರೆ ಕನ್ಸೋಲ್ ಆ ಕಾರ್ಡನ್ನು ಓದಲು ಸೋತಿದೆ ಎಂದರ್ಥ. ಕನ್ಸೋಲ್ ಆಫ್ ಮಾಡಿ, ಸ್ಲೀಪ್ ಅಲ್ಲ ಪೂರ್ತಿ ಆಫ್, ಕಾರ್ಡ್ ತೆಗೆದು ಒಣಬಟ್ಟೆಯಲ್ಲಿ ಒರೆಸಿ ಮತ್ತೆ ಹಾಕಿ. ಆಗಲೂ ಬಂದರೆ ಕಾರ್ಡ್ ಮೇಲೇ ಅನುಮಾನ ಪಡಬೇಕು. ನಕಲಿ ಕಾರ್ಡ್‌ನ ಒಳಗಿನ ಚಿಪ್ ತನ್ನಲ್ಲಿ 512 ಜಿಬಿ ಇದೆ ಎಂದು ಸುಳ್ಳು ಹೇಳುತ್ತದೆ, ನಿಜಕ್ಕೂ 32 ಇರಬಹುದು. ಅಷ್ಟು ತುಂಬುವ ತನಕ ಎಲ್ಲ ಸರಿಯಾಗೇ ಕಾಣುತ್ತದೆ, ಅದು ದಾಟಿದ ಮೇಲೆ ಬರೆದದ್ದು ಉಳಿಯುವುದಿಲ್ಲ. ನಿನ್ನೆ ಓಡಿದ ಗೇಮ್ ಇವತ್ತು "ಡೇಟಾ ಕೆಟ್ಟಿದೆ" ಎನ್ನುವುದು ಹೀಗೆ. ವಿಂಡೋಸ್‌ನಲ್ಲಿ ಎಚ್2ಟೆಸ್ಟ್‌ಡಬ್ಲ್ಯೂ, ಲಿನಕ್ಸ್‌ನಲ್ಲಿ ಎಫ್3 ಎಂಬ ಪುಕ್ಕಟೆ ತಂತ್ರಾಂಶಗಳು ಕಾರ್ಡನ್ನು ತುಂಬಿಸಿ ಮತ್ತೆ ಓದಿ ನೋಡಿ ಸತ್ಯ ಹೇಳುತ್ತವೆ. ಕಾರ್ಡ್ ಖಾಲಿಯಿರುವಾಗಲೇ, ಅಂಗಡಿಗೆ ವಾಪಸ್ ಕೊಡುವ ದಿನ ಮುಗಿಯುವ ಮುಂಚೆಯೇ ಈ ಪರೀಕ್ಷೆ ಮಾಡಿಬಿಡಿ. ಒಂದು ಎಕ್ಸ್‌ಪ್ರೆಸ್ ಕಾರ್ಡ್‌ನಿಂದ ದೊಡ್ಡದಕ್ಕೆ ಹೋಗುವವರು ಫೋಲ್ಡರ್ ನಕಲಿಸಲು ವಿಂಡೋಸ್ ಬಳಸಿ. ಮ್ಯಾಕ್‌ನಲ್ಲಿ ನಕಲಿಸಿದಾಗ ಫೈಲ್‌ಗಳ ಒಳಗುರುತು ಬದಲಾಗಿ ಕನ್ಸೋಲ್ ತಕರಾರು ತೆಗೆಯುವುದುಂಟು.

ಆವೃತ್ತಿಯ ತಕರಾರು ಕಾರ್ಟ್ರಿಡ್ಜ್ ಬಳಸುವವರದು. ಕಾರ್ಟ್ರಿಡ್ಜ್ ಒಳಗೆ ಅಚ್ಚಾಗಿರುವುದು ಗೇಮ್‌ನ ಮೊದಲ ಆವೃತ್ತಿ ಎಂದುಕೊಳ್ಳಿ. ಹಳೆಯ ಸ್ವಿಚ್‌ನಲ್ಲಿ ಆಮೇಲೆ ಬಂದ ಅಪ್‌ಡೇಟ್‌ಗಳೆಲ್ಲ ಕೂತಿವೆ, ಸೇವ್ ಬರೆದದ್ದು ಅವು. ಸೇವ್ ಹೊಸ ಕನ್ಸೋಲ್‌ಗೆ ಬಂತು, ಅಪ್‌ಡೇಟ್ ಇನ್ನೂ ಇಳಿದಿಲ್ಲ. ಮೊದಲ ಆವೃತ್ತಿಗೆ ಆ ಸೇವ್‌ನಲ್ಲಿರುವ ಹೊಸ ಸಾಮಾನು ಏನೆಂದೇ ಗೊತ್ತಿಲ್ಲ, ಆದ್ದರಿಂದ ತೆರೆಯಲು ಒಪ್ಪುವುದಿಲ್ಲ. ಒಪ್ಪದಿರುವುದು ಒಳ್ಳೆಯದೇ, ಸೇವ್ ಕೆಡುವುದು ತಪ್ಪಿತು. ಗೇಮ್‌ನ ಚಿತ್ರದ ಮೇಲೆ ನಿಂತು ಪ್ಲಸ್ ಗುಂಡಿ ಒತ್ತಿ, ಸಾಫ್ಟ್‌ವೇರ್ ಅಪ್‌ಡೇಟ್, ವಯಾ ದಿ ಇಂಟರ್ನೆಟ್ ಆರಿಸಿ. ನೆಟ್ ನಿಧಾನವಿದ್ದರೆ ಅದೇ ಮೆನುವಿನಲ್ಲಿ ಮ್ಯಾಚ್ ವರ್ಶನ್ ವಿತ್ ಲೋಕಲ್ ಯೂಸರ್ಸ್ ಇದೆ: ಪಕ್ಕದ ಕನ್ಸೋಲ್‌ನಲ್ಲಿರುವ ಅಪ್‌ಡೇಟನ್ನು ನೇರ ಪಡೆಯುವ ದಾರಿ. ಹೆಚ್ಚು ಜನ ಇದನ್ನು ಗಮನಿಸಿಯೇ ಇರುವುದಿಲ್ಲ.

ಕರ್ನಾಟಕದ ಓದುಗರಿಗೆ ಹೆಚ್ಚು ಕಾಟ ಕೊಡುವುದು ದೇಶದ ತೊಡಕು. ಭಾರತಕ್ಕೆಂದೇ ನಿಂಟೆಂಡೊ ಇ-ಶಾಪ್, ಅಂದರೆ ಅದರ ಆನ್‌ಲೈನ್ ಗೇಮ್ ಅಂಗಡಿ, ಇಲ್ಲ. ಕನ್ಸೋಲ್ ದುಬೈನಿಂದ ಬಂದ ನೆಂಟರ ಸೂಟ್‌ಕೇಸ್‌ನಿಂದ ಬಂದಿರುತ್ತದೆ, ಕಾರ್ಟ್ರಿಡ್ಜ್ ಬೆಂಗಳೂರಿನ ಅಂಗಡಿಯಲ್ಲಿ ಕೊಂಡ ಆಮದು ಸರಕು, ಖಾತೆ ಅಮೆರಿಕದ್ದು. ಗೇಮ್ ಓಡಲು ಇದ್ಯಾವುದೂ ಅಡ್ಡಿಯಲ್ಲ, ಸ್ವಿಚ್‌ನ ಕಾರ್ಟ್ರಿಡ್ಜ್‌ಗೆ ದೇಶದ ಬೀಗವಿಲ್ಲ. ಬೀಗವಿರುವುದು ಡಿಎಲ್‌ಸಿಗೆ, ಅಂದರೆ ಗೇಮ್‌ಗೆ ಆಮೇಲೆ ಸೇರಿಸಿಕೊಳ್ಳುವ ಹೆಚ್ಚುವರಿ ಭಾಗಗಳಿಗೆ. ಯುರೋಪಿನ ಕಾರ್ಟ್ರಿಡ್ಜ್‌ಗೆ ಅಮೆರಿಕದ ಇ-ಶಾಪ್‌ನಲ್ಲಿ ಕೊಂಡ ಡಿಎಲ್‌ಸಿ ಹಲವು ಸಲ ಅಂಟಿಕೊಳ್ಳುವುದಿಲ್ಲ, ಏಕೆಂದರೆ ಒಂದೇ ಗೇಮ್ ಆದರೂ ಎರಡು ದೇಶಗಳಲ್ಲಿ ಒಳಗಿನ ಗುರುತು ಸಂಖ್ಯೆ ಬೇರೆ. ನಿಂಟೆಂಡೊದ ಸ್ವಂತ ಗೇಮ್‌ಗಳಲ್ಲಿ ಹಲವು ಒಂದೇ ಸಂಖ್ಯೆ ಇಟ್ಟುಕೊಂಡಿರುವುದರಿಂದ ಪಾರಾಗುತ್ತವೆ. ಬೇರೆ ಕಂಪನಿಗಳದ್ದರಲ್ಲಿ ಎಚ್ಚರ ಬೇಕು. ಹಳೆಯ ಕನ್ಸೋಲ್‌ನಲ್ಲಿ ಡಿಜಿಟಲ್ ಗೇಮ್ ಆಡಿದ್ದು, ಹೊಸದರಲ್ಲಿ ಬೇರೆ ದೇಶದ ಕಾರ್ಟ್ರಿಡ್ಜ್ ಹಾಕಿದರೆ ಸೇವ್ ಕೂಡ ಹೀಗೇ ಕಾಣದೆ ಹೋಗಬಹುದು. ಸೇವ್ ಇದ್ದಲ್ಲೇ ಇದೆ, ಈ ಗೇಮ್ ಅದನ್ನು ತನ್ನದೆಂದು ಒಪ್ಪುತ್ತಿಲ್ಲ.

ಕಾರ್ಟ್ರಿಡ್ಜ್ ಎಲ್ಲಿಯದು ಎಂದು ತಿಳಿಯಲು ಪೆಟ್ಟಿಗೆಯ ಮೂಲೆಯ ವಯಸ್ಸಿನ ಮುದ್ರೆ ನೋಡಿ. ಇಎಸ್‌ಆರ್‌ಬಿ ಇದ್ದರೆ ಅಮೆರಿಕ, ಪೆಗಿ ಇದ್ದರೆ ಯುರೋಪ್, ಸೆರೊ ಇದ್ದರೆ ಜಪಾನ್. ಪರಿಹಾರವೂ ಕಷ್ಟದ್ದಲ್ಲ: ಆ ದೇಶದ ಹೆಸರಿನಲ್ಲಿ ಇನ್ನೊಂದು ನಿಂಟೆಂಡೊ ಖಾತೆ ತೆರೆದು ಅದೇ ಕನ್ಸೋಲ್‌ಗೆ ಸೇರಿಸಿ (ಎಂಟು ಬಳಕೆದಾರರ ತನಕ ಜಾಗವಿದೆ), ಡಿಎಲ್‌ಸಿಯನ್ನು ಅಲ್ಲಿ ಕೊಂಡು, ಆಟವನ್ನು ನಿಮ್ಮ ಮೂಲ ಖಾತೆಯಲ್ಲೇ ಆಡಿ. ಇರುವ ಖಾತೆಯ ದೇಶವನ್ನೇ ಬದಲಿಸಲು ಹೊರಟರೆ ಇ-ಶಾಪ್ ಬ್ಯಾಲೆನ್ಸ್ ಸೊನ್ನೆ ಆಗಿರಬೇಕು. ಗಿಫ್ಟ್ ಕಾರ್ಡ್‌ನ ಚಿಲ್ಲರೆ ಉಳಿದಿದ್ದರೂ ಬಿಡುವುದಿಲ್ಲ.

ಇದಕ್ಕಿಂತ ದೊಡ್ಡ ಹಳ್ಳ ಜಪಾನಿನ ಅಗ್ಗದ ಮಾದರಿ. ಬಿಡುಗಡೆಯ ಹೊತ್ತಿಗೆ ಅಲ್ಲಿ ಎರಡು ಬಗೆಯ ಸ್ವಿಚ್ 2 ಬಂದವು: ಎಲ್ಲ ಭಾಷೆಯದು 69,980 ಯೆನ್, ಜಪಾನಿ ಭಾಷೆಯದು 49,980 ಯೆನ್. ಬೆಲೆ ನೋಡಿ ಎರಡನೆಯದನ್ನು ತರಿಸಿಕೊಂಡರೆ ಮೆನು ಜಪಾನಿಯಲ್ಲಿ ಮಾತ್ರ, ಅದು ಹೇಗೋ ಅಭ್ಯಾಸವಾದೀತು. ಆದರೆ ಜಪಾನ್ ಎಂದು ದೇಶ ನಮೂದಿಸಿದ ಖಾತೆಯನ್ನಷ್ಟೇ ಅದು ಸೇರಿಸಿಕೊಳ್ಳುತ್ತದೆ. ಅಮೆರಿಕದ ಖಾತೆಯಲ್ಲಿ ವರ್ಷಗಟ್ಟಲೆ ಕೊಂಡ ಗೇಮ್, ಸೇವ್ ಹೊತ್ತ ಹಳೆಯ ಸ್ವಿಚ್ ಎದುರಿಗಿದ್ದರೂ ವರ್ಗಾವಣೆ ಮುಂದಕ್ಕೆ ಹೋಗದು. ಯಾವ ಅಪ್‌ಡೇಟೂ ಇದನ್ನು ಬಿಡಿಸುವುದಿಲ್ಲ. ಪೆಟ್ಟಿಗೆಯ ಮೇಲೆ "ನಿಹೊಂಗೊ, ಕೊಕುನೈ ಸೆನ್‌ಯೋ" ಎಂದು ಜಪಾನಿ ಲಿಪಿಯಲ್ಲಿ ಬರೆದಿರುತ್ತದೆ, ಜಪಾನಿ ಭಾಷೆ, ದೇಶದೊಳಗಿನ ಬಳಕೆಗೆ ಮಾತ್ರ ಎಂದು. ದುಡ್ಡು ಕೊಡುವ ಮುಂಚೆ ಫೋನ್‌ನ ಕ್ಯಾಮೆರಾದಲ್ಲಿ ಅನುವಾದ ಮಾಡಿ ನೋಡಿ.

ವರ್ಗಾವಣೆ ಮುಗಿದು ಹಳೆಯ ಸ್ವಿಚ್ ಮಗುವಿನ ಕೈಗೆ ಹೋದ ಮೇಲೆ "ಈ ಗೇಮ್ ಇಲ್ಲಿ ಆಡಲು ಆಗದು" ಎಂದು ಬಂದರೆ ಅದು ವರ್ಚುವಲ್ ಗೇಮ್ ಕಾರ್ಡ್ ಲೆಕ್ಕ. 20.0.0ರಿಂದ ಡಿಜಿಟಲ್ ಗೇಮ್ ಕೂಡ ಕಾರ್ಟ್ರಿಡ್ಜ್‌ನ ಹಾಗೆಯೇ, ಒಂದು ಹೊತ್ತಿಗೆ ಒಂದು ಕನ್ಸೋಲ್‌ನಲ್ಲಿ ಮಾತ್ರ ಲೋಡ್ ಆಗಿರುತ್ತದೆ. ಹೊಸದರಲ್ಲಿ ಇಜೆಕ್ಟ್ ಮಾಡಿ ಹಳೆಯದರಲ್ಲಿ ಲೋಡ್ ಮಾಡಿ. ಒಂದು ಖಾತೆಗೆ ಎರಡು ಕನ್ಸೋಲ್ ಮಿತಿ, ಮೊದಲ ಸಲ ಜೋಡಿಸುವಾಗ ಎರಡೂ ಹತ್ತಿರ ಇರಬೇಕು. ಊರಿಗೆ ಹೋದ ತಮ್ಮನ ಕೈಯಲ್ಲಿ ಒಂದು, ನಿಮ್ಮಲ್ಲಿ ಒಂದು ಇದ್ದರೆ ಆ ಮೊದಲ ಜೋಡಣೆ ಆಗುವುದಿಲ್ಲ. ಬಳಕೆದಾರನ ಸೆಟ್ಟಿಂಗ್ಸ್‌ನಲ್ಲಿ ಆನ್‌ಲೈನ್ ಲೈಸೆನ್ಸ್ ಆನ್ ಮಾಡಿದರೆ ಆ ವರ್ಚುವಲ್ ಕಾರ್ಡ್ ಇಲ್ಲದೆಯೂ ಆಡಬಹುದು, ನೆಟ್ ಇರುವ ತನಕ.

ನೆಟ್‌ವರ್ಕ್ ಎರರ್‌ಗಳ ಬಗ್ಗೆ ಹೆಚ್ಚು ಹೇಳುವುದಿಲ್ಲ. 2110-3127 ಬಂದರೆ ಡಿಎನ್‌ಎಸ್ (ತಾಣದ ಹೆಸರಿನಿಂದ ಅದರ ನೆಟ್ ವಿಳಾಸ ಹುಡುಕುವ ವ್ಯವಸ್ಥೆ) ತೊಂದರೆ: ರೌಟರ್ ಆಫ್ ಆನ್ ಮಾಡಿ, ಆಗದಿದ್ದರೆ ಇಂಟರ್ನೆಟ್ ಸೆಟ್ಟಿಂಗ್ಸ್‌ನಲ್ಲಿ ಡಿಎನ್‌ಎಸ್ ಅನ್ನು ಮ್ಯಾನುಯಲ್ ಮಾಡಿ 8.8.8.8 ಮತ್ತು 8.8.4.4 ಕೊಡಿ. 2618-0516 ಆನ್‌ಲೈನ್ ಆಟದ ನ್ಯಾಟ್ (ಒಂದೇ ನೆಟ್ ವಿಳಾಸವನ್ನು ಹಲವು ಸಾಧನಗಳಿಗೆ ಹಂಚುವ ವ್ಯವಸ್ಥೆ) ತೊಡಕು, ಮೊಬೈಲ್ ಹಾಟ್‌ಸ್ಪಾಟ್‌ನಲ್ಲಿ ಸಾಮಾನ್ಯ. ಡೇಟಾ ಸಾಗಿಸುವುದಕ್ಕೂ ಅದಕ್ಕೂ ನಂಟಿಲ್ಲ, ಅದರ ಹಿಂದೆ ಬೀಳಬೇಡಿ. ಗೇಮ್ ತೆರೆದ ಕೂಡಲೇ 2162-0002 ಕೊಟ್ಟು ಮುಚ್ಚಿಕೊಂಡರೆ ಗೇಮ್ ಅಪ್‌ಡೇಟ್ ಮಾಡಿ, ಪ್ಲಸ್ ಗುಂಡಿಯ ಮೆನುವಿನಲ್ಲಿ ಮ್ಯಾನೇಜ್ ಸಾಫ್ಟ್‌ವೇರ್, ಚೆಕ್ ಫಾರ್ ಕರಪ್ಟ್ ಡೇಟಾ ಓಡಿಸಿ. ಕೊನೆಗೆ ಗೇಮನ್ನೇ ಅಳಿಸಿ ಮತ್ತೆ ಇಳಿಸಿದರೂ ಸೇವ್ ಹೋಗುವುದಿಲ್ಲ, ಸ್ವಿಚ್‌ನಲ್ಲಿ ಸೇವ್ ಬೇರೆ ಜಾಗದಲ್ಲಿ ಇರುತ್ತದೆ. ಡಿಲೀಟ್ ಸೇವ್ ಡೇಟಾ ಎಂಬುದನ್ನು ಮಾತ್ರ ಮುಟ್ಟಬೇಡಿ. ಕ್ಲೌಡ್‌ನಲ್ಲಿ ಇದ್ದೇ ಇದೆ ಎಂಬ ಧೈರ್ಯವೂ ಎಲ್ಲ ಗೇಮ್‌ಗೆ ಸಲ್ಲದು: ಸ್ಪ್ಲಟೂನ್ 2, ಪೋಕೆಮಾನ್ ಸ್ಕಾರ್ಲೆಟ್, ವೈಲೆಟ್ ಇವುಗಳ ಸೇವ್ ಕ್ಲೌಡ್‌ಗೆ ಹೋಗುವುದೇ ಇಲ್ಲ. ಉಳಿದವುಗಳದ್ದೂ ಆನ್‌ಲೈನ್ ಚಂದಾ ಮುಗಿದ ಮೇಲೆ 180 ದಿನ ಮಾತ್ರ.

ನಿಜವಾದ ಹೊಂದಾಣಿಕೆ ತೊಂದರೆ ಹೆಚ್ಚಾಗಿ ಗೇಮ್‌ನದಲ್ಲ, ಕೈಯಲ್ಲಿ ಹಿಡಿಯುವ ಸಾಮಾನಿನದು. ಸ್ವಿಚ್ 2 ಅಳತೆಯಲ್ಲಿ ದೊಡ್ಡದು, ಆದ್ದರಿಂದ ಲೇಬೊ ವಿಆರ್ ಕಿಟ್‌ನ ರಟ್ಟಿನ ಕನ್ನಡಕದಲ್ಲಿ ಕೂರುವುದಿಲ್ಲ. ಅದರ ಕಂಟ್ರೋಲರ್ ಆದ ಜಾಯ್‌ಕಾನ್ 2ರಲ್ಲಿ ಐಆರ್ (ಇನ್‌ಫ್ರಾರೆಡ್) ಕ್ಯಾಮೆರಾ ಇಲ್ಲ, ವ್ಯಾಯಾಮದ ಗೇಮ್ ರಿಂಗ್ ಫಿಟ್‌ನ ಬಳೆಗೂ ಅದು ಸಿಕ್ಕಿಕೊಳ್ಳುವುದಿಲ್ಲ. ಹಳೆಯ ಜಾಯ್‌ಕಾನ್‌ಗಳನ್ನು ಬ್ಲೂಟೂತ್‌ನಲ್ಲಿ ಜೋಡಿಸಿದರೆ ಆ ಕ್ಯಾಮೆರಾ, ಬಳೆ ಬೇಡುವ ಗೇಮ್‌ಗಳು ಸಲೀಸು. ತೊಡಕೆಂದರೆ ಹೊಸ ಕನ್ಸೋಲ್‌ನ ಪಕ್ಕಕ್ಕೆ ಅವು ಸೇರುವುದಿಲ್ಲ, ಹಾಗಾಗಿ ಅದರಿಂದ ಚಾರ್ಜ್ ಆಗವು. ಚಾರ್ಜಿಂಗ್ ಗ್ರಿಪ್ ಬೇರೆ ಕೊಳ್ಳಬೇಕು, ಇಲ್ಲವೆ ಹಳೆಯ ಸ್ವಿಚ್ಚನ್ನು ಮಾರದೆ ಇಟ್ಟುಕೊಳ್ಳಬೇಕು. ಬೇರೆ ಕಂಪನಿಗಳ ಗೇಮ್‌ಗಳ ಸ್ಥಿತಿಯನ್ನು ನಿಂಟೆಂಡೊ ತನ್ನ ತಾಣದಲ್ಲಿ ಗೇಮ್ ಹೆಸರು ಹಾಕಿ ಹುಡುಕುವಂತೆ ಇಟ್ಟಿದೆ, ಅದು ಮೆಚ್ಚಬೇಕಾದ ಕೆಲಸ.

ಸೆಕೆಂಡ್ ಹ್ಯಾಂಡ್ ಸ್ವಿಚ್ 2 ಕೊಳ್ಳುವವರಿಗೆ ಒಂದು ಕೋಡ್ ಬಾಯಿಪಾಠವಾಗಿರಲಿ: 2124-4508. ನಕಲಿ ಗೇಮ್ ಓಡಿಸುವ ಫ್ಲಾಶ್ ಕಾರ್ಟ್ರಿಡ್ಜ್ ಬಳಸಿದ ಕನ್ಸೋಲ್‌ಗೆ ನಿಂಟೆಂಡೊ ತನ್ನ ಆನ್‌ಲೈನ್ ಸೇವೆಯನ್ನು ಕಡಿದಾಗ ಬರುವುದು ಇದು. ನಿಷೇಧ ಬೀಳುವುದು ಕನ್ಸೋಲ್ ಮೇಲೆ, ಆದ್ದರಿಂದ ರೀಸೆಟ್ ಮಾಡಿದರೂ ಹೋಗದು. ಮಾರುವವನ ಎದುರೇ ನಿಮ್ಮ ಫೋನ್ ಹಾಟ್‌ಸ್ಪಾಟ್‌ಗೆ ಜೋಡಿಸಿ, ಖಾತೆ ಸೇರಿಸಿ, ಇ-ಶಾಪ್ ತೆರೆದು ನೋಡಿ. ಎರಡು ನಿಮಿಷದ ಕೆಲಸ. ತೆರೆಯದಿದ್ದರೆ ದುಡ್ಡು ಜೇಬಿನಲ್ಲೇ ಇರಲಿ.