ರೀಪರ್: ಸಾಕ್ಷ್ಯಚಿತ್ರದ ಸಂಗೀತಕ್ಕೆ ಸಾಕೇ?

ರೀಪರ್ ಅಂದರೆ ಕಂಪ್ಯೂಟರ್‌ನಲ್ಲಿ ಸಂಗೀತ ರೆಕಾರ್ಡ್ ಮಾಡಿ ಜೋಡಿಸುವ ಸಾಫ್ಟ್‌ವೇರ್. ಬಜೆಟ್ ಚಿಕ್ಕದಿದ್ದರೆ ಧಾರಾಳವಾಗಿ ಸಾಕು. 60 ದಿನ ಬಳಸಿ ನೋಡಬಹುದು, ಆಮೇಲೆ ರಿಯಾಯಿತಿ ಲೈಸೆನ್ಸ್‌ಗೆ 60 ಡಾಲರ್. ವಿಡಿಯೊ ಎಳೆದು ಹಾಕುವ ಮೊದಲು ಪ್ರಾಜೆಕ್ಟ್ ಸೆಟ್ಟಿಂಗ್ಸ್‌ನಲ್ಲಿ ಸ್ಯಾಂಪಲ್ ರೇಟ್ (ಸೆಕೆಂಡಿಗೆ ಎಷ್ಟು ಧ್ವನಿ ಮಾದರಿ) 48000 ಮಾಡಿ, ಫ್ರೇಮ್ ರೇಟ್ (ಸೆಕೆಂಡಿಗೆ ಎಷ್ಟು ಚಿತ್ರ) ಚಿತ್ರದ ಎಡಿಟರನ್ನೇ ಕೇಳಿ ಹಾಕಿ. 23.976ರ ಚಿತ್ರಕ್ಕೆ 24 ಇಟ್ಟರೆ ಟೈಮ್‌ಕೋಡ್ (ಪ್ರತಿ ಫ್ರೇಮ್‌ನ ಸಮಯದ ಗುರುತು) ಗಂಟೆಗೆ ಸುಮಾರು 3.6 ಸೆಕೆಂಡ್ ಜಾರುತ್ತದೆ. ಎಡಿಟರ್ ಗುರುತು ಹಾಕಿದ ಜಾಗವೇ ಬೇರೆ, ನಿಮ್ಮ ಸಂಗೀತ ಶುರುವಾಗುವ ಜಾಗವೇ ಬೇರೆ.

ತಲೆನೋವು ವಿಡಿಯೊದ್ದೇ. ಎಚ್.264 ಎಂಬ ಕುಗ್ಗಿಸಿದ ವಿಡಿಯೊ ಫೈಲ್‌ನಲ್ಲಿ ಪೂರ್ಣ ಫ್ರೇಮ್‌ಗಳು ದೂರದೂರ ಇರುವುದರಿಂದ ಹಿಂದೆಮುಂದೆ ಓಡಾಡಿದಾಗ ಚಿತ್ರ ತಡವರಿಸುತ್ತದೆ. ಪ್ರತಿ ಫ್ರೇಮ್ ಪೂರ್ಣವಾಗಿರುವ ಪ್ರೋರೆಸ್ ಪ್ರಾಕ್ಸಿ ಫೈಲನ್ನು ಎಡಿಟರಿಂದ ಕೇಳಿ ಪಡೆಯಿರಿ. ರೀಪರ್ ಜೊತೆಗೆ ಬರುವ ಸಾಫ್ಟ್‌ವೇರ್ ವಾದ್ಯಗಳಂತೂ ಲೆಕ್ಕಕ್ಕಿಲ್ಲ. ಆದರೆ ಸ್ಟೆಮ್‌ಗಳನ್ನು, ಅಂದರೆ ವಾದ್ಯವಾರು ಧ್ವನಿ ಫೈಲ್‌ಗಳನ್ನು, ಒಂದೇ ಸಲಕ್ಕೆ ಬೇರೆಬೇರೆಯಾಗಿ ರೆಂಡರ್ ಮಾಡಿ ಕೊಡುತ್ತದೆ. ಸಂದರ್ಶನದ ಮಾತಿಗೆ ತಬಲಾ ಅಡ್ಡಬಂದರೆ ಮಿಕ್ಸ್ ಮಾಡುವವರು ಅದನ್ನಷ್ಟೇ ತಗ್ಗಿಸಬಹುದು.