ರೋಫಿ, ಯೂಲಾಂಚರ್, ಕೆ-ರನ್ನರ್: ಮೊದಲ ಎಂಟರ್‌ಗೇ ಸರಿಯಾಗಿ ಕೊಟ್ಟಿದ್ದು ಯಾವುದು?

ಮೆನು ತೆರೆದು, ಮೌಸ್ ಹಿಡಿದು ಆ್ಯಪ್ ಹುಡುಕೋದು ನನಗೆ ಬೇಜಾರಿನ ಕೆಲಸ. ಹಾಗಾಗಿ ಲಿನಕ್ಸ್‌ನಲ್ಲಿ ಮೂರು ಲಾಂಚರ್‌ಗಳನ್ನು, ಅಂದರೆ ಹೆಸರು ಟೈಪ್ ಮಾಡಿದರೆ ಆ್ಯಪ್ ತೆರೆಯುವ ಪ್ರೋಗ್ರಾಂಗಳನ್ನು, ಒಂದೊಂದು ತಿಂಗಳು ಬಳಸಿ ನೋಡಿದೆ. ಪರೀಕ್ಷೆ ಒಂದೇ. ಎರಡು ಅಕ್ಷರ ಒತ್ತಿ, ಪರದೆ ನೋಡದೆ ಎಂಟರ್ ಹೊಡೆದರೆ ಬೇಕಾದ್ದೇ ತೆರೆಯಬೇಕು.

ಮೊದಲು ಯೂಲಾಂಚರ್. ಹಾಕಿದ ದಿನವೇ ಮುದ್ದಾಗಿ ಕಾಣುತ್ತದೆ, ಸೆಟ್ಟಿಂಗ್ಸ್‌ಗೆ ಕಿಟಕಿ ಇದೆ, ಫೈಲ್ ತಿದ್ದಬೇಕಿಲ್ಲ. ಹಿಂದೆ ನೀವು ಆರಿಸಿದ್ದನ್ನು ನೆನಪಿಟ್ಟುಕೊಂಡು ಮುಂದಿನ ಸಲ ಮೇಲೆ ತರುತ್ತದೆ. ಶಾರ್ಟ್‌ಕಟ್‌ಗಳೂ ಚೆನ್ನ: ಒಂದು ಕೀವರ್ಡ್ ಕೊಟ್ಟು ಪಕ್ಕದಲ್ಲಿ ಪದ ಬರೆದರೆ ನೇರ ವಿಕಿಪೀಡಿಯದಲ್ಲೇ ಹುಡುಕಬಹುದು. ತೊಂದರೆ ಶುರುವಾಗಿದ್ದು ಕಂಟ್ರೋಲ್-ಸ್ಪೇಸ್‌ನಿಂದ. ಇದು ಯೂಲಾಂಚರ್‌ನ ಡಿಫಾಲ್ಟ್ ಕೀಲಿ. ನನ್ನ ಕೋಡ್ ಎಡಿಟರ್ ಸಲಹೆ ತೋರಿಸೋದೂ ಅದೇ ಕೀಲಿಗೆ. ಬದಲಿಸೋದು ಸುಲಭ, ಆದರೆ ವೇಲ್ಯಾಂಡ್‌ನಲ್ಲಿದ್ದರೆ (ಲಿನಕ್ಸ್‌ನಲ್ಲಿ ಪರದೆ ಮೇಲೆ ವಿಂಡೋಗಳನ್ನು ತೋರಿಸುವ ಹೊಸ ವ್ಯವಸ್ಥೆ) ಡೆಸ್ಕ್‌ಟಾಪ್‌ನ ಕೀಬೋರ್ಡ್ ಸೆಟ್ಟಿಂಗ್ಸ್‌ನಲ್ಲೇ ಕೀಲಿ ಕೊಡಬೇಕು. ಇನ್ನು ಎಕ್ಸ್‌ಟೆನ್ಷನ್‌ಗಳು, ಅಂದರೆ ಹೆಚ್ಚುವರಿ ಸೌಲಭ್ಯ ಸೇರಿಸುವ ತುಣುಕುಗಳು. ಹುರುಪಿನಲ್ಲಿ ಹನ್ನೊಂದು ಹಾಕಿಕೊಂಡೆ, ಬಳಸಿದ್ದು ಎರಡು. ಇವೆಲ್ಲ ಯಾರೋ ಬರೆದ ಪೈಥಾನ್ ಪ್ರೋಗ್ರಾಂಗಳು, ನಿಮ್ಮ ಫೈಲ್‌ಗಳನ್ನೆಲ್ಲ ಓದಬಲ್ಲವು. ಕೋಡ್ ನೋಡದೆ ಹಾಕಬೇಡಿ.

ಆಮೇಲೆ ರೋಫಿ. ಇದಕ್ಕೆ ಸೆಟ್ಟಿಂಗ್ಸ್ ಕಿಟಕಿಯೇ ಇಲ್ಲ, ಎಲ್ಲ ಒಂದು ಟೆಕ್ಸ್ಟ್ ಫೈಲ್‌ನಲ್ಲಿ. ಥೀಮ್ ಬರೆಯೋದು ಹೆಚ್ಚುಕಮ್ಮಿ ವೆಬ್ ಪುಟಗಳ ಅಂದ ನಿರ್ಧರಿಸುವ ಸಿಎಸ್‌ಎಸ್ ಥರ. ಮೊದಲ ಎರಡು ಸಂಜೆ ಬಣ್ಣ, ಅಂಚು, ಐಕಾನ್ ಗಾತ್ರ ಅಂತ ಸುಮ್ನೆ ಕಳೆದೆ. ಅದರಿಂದ ಒಂದು ಸೆಕೆಂಡೂ ಉಳಿಯಲಿಲ್ಲ.

ಉಳಿಸಿದ್ದು ಕಾಂಬಿ ಮೋಡ್. ತೆರೆದಿರುವ ವಿಂಡೋ ಮತ್ತು ಆ್ಯಪ್ ಎರಡನ್ನೂ ಒಂದೇ ಪಟ್ಟಿಯಲ್ಲಿ ಕೊಡುತ್ತದೆ. ನಾನು ವಿಂಡೋ ಮೊದಲು ಬರುವಂತೆ ಇಟ್ಟೆ. ಬ್ರೌಸರ್ ಹೆಸರಿನ ಎರಡಕ್ಷರ ಒತ್ತಿದರೆ ಹೊಸದು ತೆರೆಯೋದಿಲ್ಲ, ಇರೋದಕ್ಕೇ ಹಾರುತ್ತದೆ. ದಿನಕ್ಕೆ ನೂರು ಸಲ ಮಾಡೋದು ಇದನ್ನೇ ಅಲ್ವಾ? ಒಂದು ಕಿರಿಕಿರಿ ಮಾತ್ರ ಇತ್ತು: ಫೈಲ್ ಮ್ಯಾನೇಜರ್ ಕೇಳಿದರೆ, ಶೀರ್ಷಿಕೆಯಲ್ಲಿ 'ಫೈಲ್' ಅಂತಿದ್ದ ಬ್ರೌಸರ್ ಪುಟ ಮೇಲೆ ಬರುತ್ತಿತ್ತು. ವಿಂಡೋ ಹುಡುಕಾಟವನ್ನು ಕ್ಲಾಸ್‌ಗೆ (ವಿಂಡೋ ಯಾವ ಆ್ಯಪ್‌ನದು ಅಂತ ಹೇಳುವ ಗುರುತು) ಮಾತ್ರ ಕಟ್ಟಿಹಾಕಿದ ಮೇಲೆ ಸರಿಹೋಯಿತು.

ಇನ್ನೊಂದು ಪಾಠ ಸಾರ್ಟ್ ಆಯ್ಕೆಯದು. ಅದನ್ನು ಆನ್ ಮಾಡಿದರೆ, ನೀವು ಒತ್ತಿದ ಅಕ್ಷರಗಳಿಗೆ ಹತ್ತಿರದ ಹೆಸರು ಮೇಲೆ ಬರುತ್ತದೆ. ಆಫ್ ಇದ್ದರೆ ಜಾಸ್ತಿ ಬಳಸಿದ್ದು ಮೇಲೆ. ನಾನು ಜಾಣತನ ಮಾಡಿ ಆನ್ ಮಾಡಿದೆ. ಬೆರಳಿಗೆ ಕಲಿತದ್ದೆಲ್ಲ ತಲೆಕೆಳಗಾಯಿತು. ಒಂದು ವಾರ ಬೇಡದ ಆ್ಯಪ್‌ಗಳನ್ನು ಮುಚ್ಚುತ್ತಾ ಕೂತೆ.

ರೋಫಿಗೆ ಯಾವುದೇ ಸಾಲುಗಳ ಪಟ್ಟಿ ಕೊಟ್ಟರೂ ಆರಿಸಿದ ಸಾಲನ್ನು ವಾಪಸ್ ಕೊಡುತ್ತದೆ. ಡಿಮೆನು ಅನ್ನೋ ಹಳೆಯ ಲಾಂಚರ್‌ನಿಂದ ಬಂದ ಅಭ್ಯಾಸ ಇದು. ಐದು ಸಾಲಿನ ಸ್ಕ್ರಿಪ್ಟ್ ಬರೆದು ಪ್ರಾಜೆಕ್ಟ್ ಫೋಲ್ಡರ್‌ಗಳನ್ನೂ ಅಲ್ಲಿಂದಲೇ ತೆರೆಯುತ್ತೇನೆ. ಡಿಮೆನುವನ್ನೇ ಯಾಕೆ ಬಳಸಲಿಲ್ಲ ಅಂದರೆ, ಅದರ ಡಿಫಾಲ್ಟ್ ಬಣ್ಣ ಬದಲಿಸೋಕೂ ಸೋರ್ಸ್ ಕೋಡ್ ತಿದ್ದಿ ಮತ್ತೆ ಕಂಪೈಲ್ ಮಾಡಬೇಕು, ಅಂದರೆ ಪ್ರೋಗ್ರಾಂ ಅನ್ನೇ ಹೊಸದಾಗಿ ಕಟ್ಟಬೇಕು. ಅಷ್ಟು ತಾಳ್ಮೆ ನನಗಿಲ್ಲ.

ಕೊನೆಗೆ ಕೆ-ರನ್ನರ್. ಇದು ಲಿನಕ್ಸ್‌ನ ಡೆಸ್ಕ್‌ಟಾಪ್‌ಗಳಲ್ಲಿ ಒಂದಾದ ಕೆಡಿಇ ಪ್ಲಾಸ್ಮಾ ಜೊತೆಗೇ ಬರುತ್ತದೆ. ಆಲ್ಟ್-ಸ್ಪೇಸ್ ಒತ್ತಿ, ಅಥವಾ ಖಾಲಿ ಡೆಸ್ಕ್‌ಟಾಪ್ ಮೇಲೆ ಸುಮ್ನೆ ಟೈಪ್ ಮಾಡಿ. ಲೆಕ್ಕ, ಮೈಲಿಯಿಂದ ಕಿಲೋಮೀಟರ್, ಫೈಲ್, ತೆರೆದ ವಿಂಡೋ ಎಲ್ಲ ಇದೆ. ಅತಿಯಾಗಿ ಇರೋದೇ ಸಮಸ್ಯೆ: ಆ್ಯಪ್ ಕೇಳಿದರೆ ಬುಕ್‌ಮಾರ್ಕ್ ಕೂಡ ಎದ್ದು ಬರುತ್ತದೆ. ಬೇಡದ ಪ್ಲಗಿನ್‌ಗಳನ್ನು ಆಫ್ ಮಾಡಿದೆ. 2024ರ ಪ್ಲಾಸ್ಮಾ 6ರಿಂದ ಫಲಿತಾಂಶಗಳ ಕ್ರಮವನ್ನೂ ನಾವೇ ಹೇಳಬಹುದು. ಹತ್ತು ನಿಮಿಷದ ಕೆಲಸ, ಆಮೇಲೆ ಮರೆತೇಬಿಡಬಹುದು.

ಪ್ಲಾಸ್ಮಾ ಬಳಸುವವರು ಕೆ-ರನ್ನರ್ ಬಿಟ್ಟು ಬೇರೆ ಹುಡುಕುವುದು ದಂಡ. ಫೈಲ್ ತಿದ್ದೋಕೆ ಇಷ್ಟವಿಲ್ಲದವರಿಗೆ ಯೂಲಾಂಚರ್. ನನ್ನ ಕೆಲಸದ ಮೆಷೀನಿನಲ್ಲಿ ಉಳಿದದ್ದು ರೋಫಿ. ಎರಡು ಸಂಜೆ ಕೂತು ಬರೆದ ಥೀಮ್ ಅಳಿಸಿ ಡಿಫಾಲ್ಟ್‌ಗೇ ವಾಪಸ್ ಬಂದಿದ್ದೇನೆ.